ರಕ್ತಚಂದನವೆಂದು ನೆಟ್ಟದ್ದು ಮಂಜೊಟ್ಟಿಯಾಯಿತು: ಇದರ ಬೀಜವನ್ನು ತಿನ್ನಬಹುದೇ?

ಪ್ರಶ್ನೆ: ಬೇಣದಮನೆ, ಬದಿಯಡ್ಕ

ನಮ್ಮ ಮನೆ ಬದಿಯಡ್ಕದಿಂದ ಸ್ವಲ್ಪ ಒಳಗಿದೆ. ಅಡಿಕೆ ತೋಟದ ಮೇಲ್ಬದಿಯ ಬೇಣದಲ್ಲಿ ಮುರಕಲ್ಲಿನ ನೆಲ ಸುಮ್ಮನೆ ಬಿದ್ದಿದೆಯಲ್ಲ ಎಂದು 12 ವರ್ಷಗಳ ಹಿಂದೆ ಒಂದು ನರ್ಸರಿಯಿಂದ 10 ರಕ್ತಚಂದನದ ಸಸಿಗಳನ್ನು ತಂದು ನೆಟ್ಟಿದ್ದೆವು. ಮಕ್ಕಳ ಮದುವೆಯ ಹೊತ್ತಿಗೆ ಒಂದೊಂದು ಮರವೂ ಒಂದೊಂದು ಠೇವಣಿಯಿದ್ದಂತೆ ಎಂದು ಮಾರಿದವರು ಹೇಳಿದ್ದರು. ಬೆಲೆಯೂ ಆ ಮಾತಿಗೆ ತಕ್ಕಂತೆಯೇ ಇತ್ತು. ಅವುಗಳಲ್ಲಿ 7 ಬದುಕಿ ಉಳಿದು, ಈಗ ಮನೆಯ ಮಾಡನ್ನು ಮೀರಿ ಬೆಳೆದಿವೆ.

ಕಳೆದೆರಡು ವರ್ಷಗಳಿಂದ ಅವು ಹೂ ಬಿಟ್ಟು ಕೋಡು ಕಟ್ಟುತ್ತಿವೆ. ಕೋಡು ಹೆಚ್ಚುಕಡಿಮೆ ಒಂದು ಗೇಣು ಉದ್ದವಿದ್ದು, ಕತ್ತಿಯಂತೆ ಬಾಗಿರುತ್ತದೆ. ಒಣಗಿದ ಮೇಲೆ ಎರಡು ಹೋಳಾಗಿ ಸೀಳಿಕೊಂಡು, ಒಂದೊಂದು ಹೋಳೂ ಹಿಂಡಿದ ಬಟ್ಟೆಯಂತೆ ತಿರುಚಿಕೊಳ್ಳುತ್ತದೆ. ಒಳಮೈ ಹಳದಿ ರೇಷ್ಮೆಯ ಹಾಗೆ ಮಿನುಗುತ್ತಿದ್ದು, ಅದಕ್ಕೆ ಅಂಟಿಕೊಂಡು ಎಣ್ಣೆ ಹಚ್ಚಿ ಒರೆಸಿದಂತಿರುವ ಕೆಂಪು ಬೀಜಗಳು ಸಾಲಾಗಿ ಕುಳಿತಿರುತ್ತವೆ. ಅಂಗಳಕ್ಕೆ ಬಿದ್ದ ಬೀಜವನ್ನು ಮೊದಲ ಸಲ ನೋಡಿದೊಡನೆಯೇ ನನ್ನ ಅಮ್ಮ, ‘ಇದು ಮಂಜೊಟ್ಟಿಯಲ್ಲವೇ, ಇದಕ್ಕೆ ನೀವು ದುಡ್ಡು ಕೊಟ್ಟಿರೋ?’ ಎಂದು ಕೇಳಿದರು. ನೆರೆಮನೆಗೆ ಪಯ್ಯನ್ನೂರಿನ ಕಡೆಯಿಂದ ಮದುವೆಯಾಗಿ ಬಂದವರು ಇದನ್ನೇ ಮಂಜಾಡಿ ಎನ್ನುತ್ತಾರೆ. ಹಾಗಾದರೆ ಠೇವಣಿಯ ಕತೆ ಮುಗಿಯಿತು ಎಂದುಕೊಂಡು ಸುಮ್ಮನಾಗಿದ್ದೆ.

ಈಗ ಬರೆಯಲು ಕಾರಣ ಬೇರೆ. ಕಳೆದ ವಾರ ನಾಲ್ಕು ವರ್ಷದ ಮೊಮ್ಮಗ ಎರಡು ಬೀಜಗಳನ್ನು ಬಾಯಿಗೆ ಹಾಕಿಕೊಂಡ. ಬೆರಳು ಹಾಕಿ ತೆಗೆದೆವು, ಏನೂ ಆಗಲಿಲ್ಲ; ಆದರೆ ಅಂದಿನಿಂದ ಮನೆಯಲ್ಲಿ ಎರಡು ಪಕ್ಷಗಳಾಗಿವೆ. ಇದು ಗುಲಗಂಜಿಯ ಜಾತಿ, ಒಂದೇ ಬೀಜ ಸಾಕು ಪ್ರಾಣ ತೆಗೆಯಲು, ಏಳೂ ಮರಗಳನ್ನು ಕಡಿಸಿರಿ ಎಂದು ಮಗ ಹೇಳುತ್ತಾನೆ. ಹುರಿದು ತಿನ್ನುವ ಬೀಜವಿದು, ಕಡಿಯುವುದು ಬೇಡ ಎಂದು ಸೊಸೆ ಎಲ್ಲಿಯೋ ಓದಿಕೊಂಡು ಬಂದಿದ್ದಾಳೆ. ಯಾರ ಮಾತು ಸರಿ? ಬಲ್ಲವರು ತಿಳಿಸಬೇಕು.

ಉತ್ತರ 1: ಕಾನನದಂಚು, ಮುಳ್ಳೇರಿಯ

ನಿಮ್ಮ ವರ್ಣನೆಯಲ್ಲಿ ಸಂಶಯಕ್ಕೆ ಎಡೆಯಿಲ್ಲ. ತಿರುಚಿಕೊಳ್ಳುವ ಕೋಡು, ಹಳದಿ ಒಳಮೈ, ಕಪ್ಪು ಚುಕ್ಕೆಯಿಲ್ಲದ ಕೆಂಪು ಬೀಜ ಎಂದ ಮೇಲೆ ಅದು ಮಂಜೊಟ್ಟಿಯೇ. ಸಸ್ಯಶಾಸ್ತ್ರದಲ್ಲಿ ಅಡೆನಾಂಥೆರಾ ಪವೋನಿನಾ ಎನ್ನುತ್ತಾರೆ. 1753ರಲ್ಲಿ ಲಿನೇಯಸ್ ಇಟ್ಟ ಹೆಸರು. ಹೂವಿನ ಪರಾಗಕೋಶದ ತುದಿಯಲ್ಲೊಂದು ಸಣ್ಣ ಗ್ರಂಥಿಯಿರುವುದರಿಂದ ಮೊದಲ ಪದ ಬಂದಿದೆ. ಎರಡನೆಯದಕ್ಕೆ ನವಿಲಿನ ಸಂಬಂಧವಿದೆ. ಕನ್ನಡದಲ್ಲಿ ಮಂಜಾಡಿ, ಮಂಜಟ್ಟಿ, ಆನೆಗುಲಗಂಜಿ ಎಂದೆಲ್ಲ ಕರೆಯುವುದುಂಟು. ಮಂಜಟ್ಟಿ ಎಂಬ ಹೆಸರಿನಲ್ಲಿ ಒಂದು ತೊಡಕಿದೆ: ಔಷಧದಂಗಡಿಯಲ್ಲಿ ಅದನ್ನು ಕೇಳಿದರೆ ಮಂಜಿಷ್ಠದ ಬಳ್ಳಿಯ ಬೇರನ್ನು ಕಟ್ಟಿಕೊಟ್ಟಾರು, ಅದಕ್ಕೂ ಈ ಮರಕ್ಕೂ ಯಾವ ನಂಟೂ ಇಲ್ಲ.

ಮಗನ ಭಯಕ್ಕೆ ಕಾರಣವಿದೆ, ಆದರೆ ಮರ ತಪ್ಪಾಗಿದೆ. ಗುಲಗಂಜಿ ಮರವಲ್ಲ, ಬೇಲಿಯ ಮೇಲೆ ಹಬ್ಬುವ ತೆಳ್ಳನೆಯ ಬಳ್ಳಿ. ಅದರ ಕೋಡು ಹೆಬ್ಬೆರಳಿನಷ್ಟೂ ಉದ್ದವಿರುವುದಿಲ್ಲ; ಬೀಜ ಮೊಟ್ಟೆಯಾಕಾರದ್ದು, ಕೆಂಪು ಮೈಯ ಒಂದು ತುದಿಗೆ ಕಾಡಿಗೆ ಇಟ್ಟಂತೆ ಕಪ್ಪು ಇರುತ್ತದೆ. ಪೂರ್ತಿ ಬಿಳಿಯ ಗುಲಗಂಜಿಯೂ ಉಂಟು. ಅದರಲ್ಲಿರುವ ಅಬ್ರಿನ್ ಎಂಬ ವಿಷ ನಿಜಕ್ಕೂ ಮಾರಕ. ಬೀಜವನ್ನು ಇಡಿಯಾಗಿ ನುಂಗಿದರೆ ಗಟ್ಟಿ ಸಿಪ್ಪೆಯ ದೆಸೆಯಿಂದ ಹಾಗೆಯೇ ಹೊರಬಿದ್ದರೂ ಬಿದ್ದೀತು, ಅಗಿದು ನುಂಗಿದರೆ ಪ್ರಾಣಕ್ಕೆ ಸಂಚಕಾರ. ನಿಮ್ಮ ಬೇಣದ ಬೀಜವಾದರೋ ಮಸೂರದಂತೆ ಎರಡು ಬದಿಗೂ ಉಬ್ಬಿದ್ದು, ಅಂಚಿನಿಂದ ಅಂಚಿಗೆ ಒಂದೇ ಕೆಂಪು, ಅಗಲ 8–9 ಮಿಲಿಮೀಟರ್. ಎಲೆಯನ್ನೂ ನೋಡಿರಿ: ಗುಲಗಂಜಿಯಲ್ಲಿ ಒಂದೇ ಕಡ್ಡಿಯ ಎರಡು ಪಕ್ಕಗಳಲ್ಲಿ ಎಲೆಗಳಿದ್ದರೆ, ಮಂಜೊಟ್ಟಿಯಲ್ಲಿ ಕಡ್ಡಿ ಕವಲೊಡೆದು, ಕವಲುಗಳ ಮೇಲೆ ಕಿರುಎಲೆಗಳು ಒಂದರ ಎದುರಿಗೆ ಒಂದಿರದೆ ಹಿಂದೆಮುಂದೆ ಕೂತಿರುತ್ತವೆ.

ಹಾಗೆಂದು ಮಂಜೊಟ್ಟಿಯ ಹಸಿ ಬೀಜ ನಿರಪಾಯವೆಂದು ನಾನು ಹೇಳಲಾರೆ. ಅದರಲ್ಲಿ ಪ್ರೋಟೀನ್ ಜೀರ್ಣವಾಗದಂತೆ ತಡೆಯುವ ಅಂಶಗಳಿವೆ, ಅಗಿದು ತಿಂದರೆ ಹೊಟ್ಟೆ ಕೆಡುತ್ತದೆ. ಚಿಕ್ಕ ಮಕ್ಕಳ ವಿಷಯದಲ್ಲಿ ವಿಷಕ್ಕಿಂತ ದೊಡ್ಡ ಅಪಾಯ ಗಂಟಲಲ್ಲಿ ಸಿಕ್ಕಿಕೊಳ್ಳುವುದು; ಅಷ್ಟು ನುಣುಪಾದ ಬೀಜ ಮೂಗಿಗೂ ಕಿವಿಗೂ ಸುಲಭವಾಗಿ ಹೋಗುತ್ತದೆ. ಬೇಲಿಯಲ್ಲಿ ಗುಲಗಂಜಿಯೂ ಇದೆಯೇ ಎಂಬುದನ್ನು ಇವತ್ತೇ ನೋಡಿರಿ. ಎರಡೂ ಇರುವ ಮನೆಗಳನ್ನು ನಾನು ಕಂಡಿದ್ದೇನೆ, ಮಕ್ಕಳು ಎರಡನ್ನೂ ಒಂದೇ ಕರಟದಲ್ಲಿ ಕೂಡಿಡುತ್ತಾರೆ.

ಇನ್ನು ರಕ್ತಚಂದನ. ಅದರ ಎಲೆಯಲ್ಲಿ ಸಾಮಾನ್ಯವಾಗಿ ಮೂರೇ ಕಿರುಎಲೆಗಳಿದ್ದು, ಅವು ಅಗಲವಾಗಿ ದುಂಡಗಿರುತ್ತವೆ. ಕಾಯಿ ಹಪ್ಪಳದಂತೆ ಚಪ್ಪಟೆ, ಸುತ್ತಲೂ ರೆಕ್ಕೆ. ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕ ಸಸಿಯಲ್ಲಿಯೇ ಈ ವ್ಯತ್ಯಾಸ ಕಣ್ಣಿಗೆ ಹೊಡೆಯುತ್ತದೆ, ಆದ್ದರಿಂದ ಮಾರಿದವರಿಗೆ ತಿಳಿಯದೆ ಆದ ತಪ್ಪೆಂದು ನಂಬುವುದು ನನಗೆ ಕಷ್ಟ. ಒಂದು ಮಾತನ್ನು ಅವರ ಪರವಾಗಿ ಹೇಳಬಹುದು: ಮಂಜೊಟ್ಟಿಯ ತಿರುಳೂ ಕೆಂಪು, ಕಲ್ಲಿನ ಮೇಲೆ ನೀರು ಹಾಕಿ ತೇದರೆ ಕೆಂಪು ಗಂಧ ಬರುತ್ತದೆ, ಅದನ್ನು ಹಣೆಗೆ ಇಟ್ಟುಕೊಳ್ಳುವ ರೂಢಿಯೂ ಇತ್ತು. ಸಂಸ್ಕೃತದಲ್ಲಿ ಇದಕ್ಕೆ ಕುಚಂದನ ಎಂಬ ಹೆಸರಿರುವುದು ಆ ಹೋಲಿಕೆಯಿಂದಲೇ. ಚಂದನ ಹೌದು, ಆದರೆ ಕೀಳು ಚಂದನ. ನಿಜವಾದ ರಕ್ತಚಂದನ ಕಡಪ, ಚಿತ್ತೂರು ಕಡೆಯ ಒಣಗುಡ್ಡಗಳ ಮರ, 1995ರಿಂದ ಸೈಟಿಸ್ ಎಂಬ, ಅಪಾಯದಲ್ಲಿರುವ ಜೀವಿಗಳ ಅಂತರರಾಷ್ಟ್ರೀಯ ವ್ಯಾಪಾರಕ್ಕೆ ಕಡಿವಾಣ ಹಾಕುವ ಒಪ್ಪಂದದ ಎರಡನೆಯ ಅನುಬಂಧದಲ್ಲಿದೆ. ವರ್ಷಕ್ಕೆ 3000 ಮಿಲಿಮೀಟರ್ ಮೀರಿ ಮಳೆ ಹೊಯ್ಯುವ ನಮ್ಮ ಊರಿನಲ್ಲಿ ಅದನ್ನೇ ನೆಟ್ಟಿದ್ದರೂ ಬೆಲೆ ಬರುವಂಥ ತಿರುಳು ಕಟ್ಟುತ್ತಿತ್ತೇ ಎಂಬುದು ಅನುಮಾನ. ಈ ಒಂದು ಸಮಾಧಾನವನ್ನು ಮಾತ್ರ ಕೊಡಬಲ್ಲೆ.

ಉತ್ತರ 2: ತಕ್ಕಡಿ, ಕುಂಬಳೆ

ನಮ್ಮದು ಚಿನ್ನದ ಕೆಲಸದ ಮನೆತನ. ನಾನು ಆ ಕೆಲಸಕ್ಕೆ ಹೋಗಲಿಲ್ಲವಾದರೂ ಅಜ್ಜನ ಮರದ ಪೆಟ್ಟಿಗೆ ನನ್ನಲ್ಲಿದೆ. ಅದರಲ್ಲಿ ಅಂಗೈ ಅಗಲದ ಹಿತ್ತಾಳೆಯ ತಕ್ಕಡಿ, ಇಕ್ಕಳ, ಬಿಳಿಗಾರದ ಡಬ್ಬಿ ಮತ್ತು ಒಂದು ಬಟ್ಟೆಯ ಚೀಲದಲ್ಲಿ ಮಂಜೊಟ್ಟಿ ಬೀಜಗಳಿವೆ. ಆ ಬೀಜಗಳಿಗೆ ಅರುವತ್ತು ವರ್ಷಕ್ಕಿಂತ ಕಡಿಮೆ ವಯಸ್ಸಾಗಿರಲಾರದು, ಆದರೂ ಬಣ್ಣ ಒಂದಿನಿತೂ ಮಾಸಿಲ್ಲ.

ತೂಕಕ್ಕೆ ಈ ಬೀಜವೇ ಏಕೆ ಎಂಬುದನ್ನು ಅಜ್ಜ ಹೇಳುತ್ತಿದ್ದರು. ನಮ್ಮ ಮಳೆಗಾಲದಲ್ಲಿ ಅಕ್ಕಿ, ಉದ್ದು, ಹೆಸರು ಎಲ್ಲವೂ ತೇವ ಹೀರಿ ಭಾರವಾಗುತ್ತವೆ. ಮಂಜೊಟ್ಟಿಯ ಸಿಪ್ಪೆಯೊಳಕ್ಕೆ ನೀರು ಇಳಿಯುವುದೇ ಇಲ್ಲ. ಆದ್ದರಿಂದ ಬೇಸಿಗೆಯ ಪಗ್ಗು ತಿಂಗಳಲ್ಲಿ ಎಷ್ಟು ತೂಗುತ್ತದೆಯೋ ಮಳೆಗಾಲದ ಆಟಿಯಲ್ಲಿಯೂ ಅಷ್ಟೇ ತೂಗುತ್ತದೆ. ಎಲ್ಲ ಬೀಜಗಳೂ ಒಂದೇ ತೂಕವೆಂದು ಜನ ತಿಳಿದಿದ್ದಾರೆ, ಅದು ಸರಿಯಲ್ಲ. ಒಂದೇ ಮರದ ಬೀಜಗಳಲ್ಲಿಯೂ ಹೆಚ್ಚುಕಡಿಮೆಯಿರುತ್ತದೆ. ತೂಗಿ, ಆರಿಸಿ, ಒಂದಕ್ಕೊಂದು ಸರಿಹೊಂದುವಂಥವನ್ನು ಮಾತ್ರ ಚೀಲಕ್ಕೆ ಹಾಕುತ್ತಿದ್ದರು. ಈ ಪ್ರಶ್ನೆಯನ್ನು ಓದಿದ ಮೇಲೆ ಅಜ್ಜನ ಚೀಲದ 20 ಬೀಜಗಳನ್ನು ವಿದ್ಯುತ್ ತಕ್ಕಡಿಯಲ್ಲಿ ಇಟ್ಟು ನೋಡಿದೆ: 5.3 ಗ್ರಾಂ. ಅಂದರೆ ಒಂದಕ್ಕೆ ಕಾಲು ಗ್ರಾಮಿಗಿಂತ ಒಂದಿಷ್ಟು ಹೆಚ್ಚು, ಈಗಿನ ಒಂದು ಪವನಿಗೆ, ಎಂದರೆ 8 ಗ್ರಾಮಿಗೆ, ಸುಮಾರು 30 ಮಂಜೊಟ್ಟಿ. ಗುಲಗಂಜಿಯೂ ಮಂಜೊಟ್ಟಿಯೂ ತೂಕದಲ್ಲಿ ಒಂದೇ ಎಂದು ಅಜ್ಜ ಹೇಳಿದ ನೆನಪು.

ನಮ್ಮ ಅಂದಿನ ಕಾಸರಗೋಡು ತಾಲೂಕು ದಕ್ಷಿಣ ಕನ್ನಡದಿಂದ ಬೇರೆಯಾಗಿ ಕೇರಳಕ್ಕೆ ಸೇರಿದ್ದು 1956ರಲ್ಲಿ, ಮೆಟ್ರಿಕ್ ತೂಕಗಳ ಕಾಯಿದೆ ಬಂದದ್ದೂ ಅದೇ ವರ್ಷ. ಗಡಿ ಬದಲಾದದ್ದನ್ನು ಅಜ್ಜ ಕೊನೆಯವರೆಗೂ ದೂರುತ್ತಿದ್ದರು, ತೂಕ ಬದಲಾದದ್ದನ್ನು ಮಾತ್ರ ಒಂದೇ ವಾರದಲ್ಲಿ ಒಪ್ಪಿಕೊಂಡರಂತೆ. ಬೀಜವನ್ನು ಅರೆದು ಬಿಳಿಗಾರ ಮತ್ತು ನೀರು ಬೆರೆಸಿ ಅಂಟು ಮಾಡುವ ವಿಧಾನವೂ ಹಿಂದೆ ಇತ್ತು. ಕೈಯಾರೆ ಮಾಡಿದ್ದನ್ನು ನಾನು ನೋಡಿಲ್ಲ.

ತಿನ್ನುವ ವಿಷಯ ನನಗೆ ಹೊಸತು. ನಮ್ಮ ಮನೆಯಲ್ಲಿ ಅದನ್ನು ಕಾಲಿಂದ ತುಳಿದರೂ ಬೈಗುಳ ಬೀಳುತ್ತಿತ್ತು, ಹುರಿಯುವುದಂತೂ ದೂರದ ಮಾತು.

ಉತ್ತರ 3: ದಿಂಬಂ ಇಳಿಜಾರು, ತಾಳವಾಡಿ

ಹಿಂದಿನವರ ಮಾತಿಗೆ ಒಂದು ತಿದ್ದುಪಡಿ. ಗುಲಗಂಜಿ ಮತ್ತು ಮಂಜಾಡಿ ತೂಕದಲ್ಲಿ ಒಂದೇ ಅಲ್ಲ, ಎರಡು ಗುಲಗಂಜಿಗೆ ಒಂದು ಮಂಜಾಡಿ. ನಾವು ತಮಿಳುನಾಡಿನಲ್ಲಿರುವ ಕನ್ನಡಿಗರಾದ್ದರಿಂದ ಎರಡೂ ಲೆಕ್ಕಗಳನ್ನು ಕೇಳಿ ಬೆಳೆದಿದ್ದೇವೆ. ತಮಿಳಿನಲ್ಲಿ ಗುಲಗಂಜಿ ಕುನ್ರಿ ಅಥವಾ ಕುಂದುಮಣಿ. ಮಂಜಾಡಿಗೆ ಆನೈಕುಂದುಮಣಿ ಎಂಬ ಹೆಸರೂ ಇದೆ, ನಿಮ್ಮ ಆನೆಗುಲಗಂಜಿ ಎಂಬುದೂ ಅದೇ. ಗಾತ್ರದಲ್ಲಿ ದೊಡ್ಡದು ಎಂಬುದನ್ನು ಹೇಳಲು ಎರಡು ಭಾಷೆಗಳೂ ಆನೆಯನ್ನೇ ಕರೆದಿವೆ.

ತಂಜಾವೂರಿನ ದೊಡ್ಡ ದೇವಾಲಯದ ಗೋಡೆಗಳ ಮೇಲೆ ರಾಜರಾಜ ಚೋಳನ ಕಾಲದ ಶಾಸನಗಳಿವೆ, ಸುಮಾರು 1010ರ ಆಸುಪಾಸಿನವು. ದೇವರಿಗೆ ಕೊಟ್ಟ ಆಭರಣಗಳ ತೂಕವನ್ನು ಅವುಗಳಲ್ಲಿ ಕಳಂಜು, ಮಂಜಾಡಿ, ಕುನ್ರಿ ಎಂಬ ಮೂರು ಅಳತೆಗಳಲ್ಲಿ ಕೆತ್ತಿದ್ದಾರೆ: 2 ಕುನ್ರಿಗೆ 1 ಮಂಜಾಡಿ, 20 ಮಂಜಾಡಿಗೆ 1 ಕಳಂಜು. ಕಳಂಜು ಎಂಬುದು ಗಜ್ಜುಗದ ಹೆಸರು. ಆ ಮೂರೂ ದ್ವಿದಳ ಕುಲದ ಬೀಜಗಳೇ ಎಂಬುದನ್ನು ಗಮನಿಸಿರಿ. ಒಂದು ಬಳ್ಳಿ, ಒಂದು ಮರ, ಒಂದು ಮುಳ್ಳಿನ ಪೊದೆ. ಉತ್ತರದ ಲೆಕ್ಕದಿಂದಲೂ ಇದು ತಾಳೆಯಾಗುತ್ತದೆ. ಒಂದು ತೊಲೆ 11.66 ಗ್ರಾಂ, ತೊಲೆಗೆ 96 ರತ್ತಿ, ರತ್ತಿ ಎಂಬುದು ಗುಲಗಂಜಿಯೇ, ಅಂದರೆ ಗುಲಗಂಜಿಯೊಂದಕ್ಕೆ 0.12 ಗ್ರಾಂ. ಕುಂಬಳೆಯವರ 20 ಬೀಜಗಳು 5.3 ಗ್ರಾಂ ತೂಗಿದವು ಎಂದರೆ ಒಂದಕ್ಕೆ 0.26, ಎರಡು ಗುಲಗಂಜಿಗೆ ಸ್ವಲ್ಪವೇ ಹೆಚ್ಚು. ಅಜ್ಜನ ಚೀಲ ಶಾಸನಕ್ಕೆ ಸಾಕ್ಷಿ ಹೇಳಿದೆ, ಮೊಮ್ಮಗನ ನೆನಪು ಮಾತ್ರ ಸ್ವಲ್ಪ ಜಾರಿದೆ.

ಮೂಲ ಪ್ರಶ್ನೆಗೆ ನನ್ನಲ್ಲಿ ಉತ್ತರವಿಲ್ಲ. ನಮ್ಮ ಕಡೆ ಯಾರೂ ತಿಂದದ್ದನ್ನು ಕಂಡಿಲ್ಲ.

ಉತ್ತರ 4: ಒಲೆಯ ಬದಿ, ನೀರ್ಚಾಲು

ನಾನು ತಿಂದಿದ್ದೇನೆ, ಆದ್ದರಿಂದ ಸ್ವಲ್ಪ ವಿಸ್ತಾರವಾಗಿಯೇ ಬರೆಯುತ್ತೇನೆ.

ಹಲಸಿನ ಬೀಜವನ್ನು ಮಣ್ಣು ಹಚ್ಚಿ ಮಳೆಗಾಲಕ್ಕೆ ಇಡುವ, ಕೆಸುವಿನ ದಂಟನ್ನೂ ಬಿಡದ ನಮ್ಮ ಕಡೆಯ ಅಡುಗೆಯಲ್ಲಿ ಈ ಬೀಜಕ್ಕೆ ಏಕೆ ಜಾಗ ಸಿಗಲಿಲ್ಲ ಎಂಬ ಪ್ರಶ್ನೆ ನನಗೆ ಮೊದಲಿನಿಂದಲೂ ಇತ್ತು. ಜಾವಾದಲ್ಲಿ ಇದನ್ನು ಹುರಿದು, ಸಿಪ್ಪೆ ತೆಗೆದು, ಅನ್ನದೊಂದಿಗೆ ತಿನ್ನುತ್ತಾರೆ. ಎಳೆಯ ಎಲೆಯನ್ನೂ ಬೇಯಿಸಿ ಸೊಪ್ಪಿನಂತೆ ಬಳಸುತ್ತಾರೆ. ಪೆಸಿಫಿಕ್ ಸಾಗರದ ದ್ವೀಪಗಳಲ್ಲಿ ಇದಕ್ಕೆ ಊಟದ ಮರ ಎಂಬ ಅರ್ಥದ ಹೆಸರೇ ಇದೆ. ಒಣ ಬೀಜದ ತೂಕದಲ್ಲಿ ಕಾಲು ಭಾಗಕ್ಕಿಂತ ಹೆಚ್ಚು ಪ್ರೋಟೀನ್ ಇದ್ದು, ಎಣ್ಣೆಯಂಶವೂ ಚೆನ್ನಾಗಿದೆ. ಮುಳ್ಳೇರಿಯದವರು ಹೇಳಿದ, ಜೀರ್ಣಕ್ಕೆ ಅಡ್ಡಿ ಮಾಡುವ ಅಂಶಗಳು ಚೆನ್ನಾಗಿ ಬೇಯಿಸಿದರೆ ಅಥವಾ ಹುರಿದರೆ ಬಹುಮಟ್ಟಿಗೆ ನಾಶವಾಗುತ್ತವೆ. ಹಸಿ ಸೋಯಾ ಅವರೆಯ ಕತೆಯೂ ಇದೇ ಅಲ್ಲವೇ?

ಎರಡು ವರ್ಷದ ಹಿಂದೆ ತವರುಮನೆಯ ಗುಡ್ಡೆಯಿಂದ ಒಂದು ಪಾವು ಬೀಜ ತಂದೆ. ಮೊದಲು ಮಾಡಿದ ತಪ್ಪು ಎಂದರೆ ಹೆಸರುಕಾಳಿನಂತೆ ರಾತ್ರಿ ನೀರಿಗೆ ಹಾಕಿದ್ದು. ಬೆಳಿಗ್ಗೆ ನೋಡಿದರೆ ಹೇಗಿತ್ತೋ ಹಾಗೆಯೇ ಇತ್ತು. ಮೂರನೆಯ ದಿನಕ್ಕೂ ಒಂದೇ ಒಂದು ಬೀಜ ಉಬ್ಬಲಿಲ್ಲ, ನೀರಿಗೆ ಬಣ್ಣವೂ ಬಿಡಲಿಲ್ಲ. ಕುಂಬಳೆಯವರ ಅಜ್ಜ ಮೆಚ್ಚಿದ ಗುಣವೇ ನನಗೆ ಶತ್ರುವಾಯಿತು. ಎರಡನೆಯ ಸಲ ಬಾಣಲೆಯಲ್ಲಿ ಮರಳಿನೊಂದಿಗೆ ಹುರಿದೆ. ಸ್ವಲ್ಪ ಹೊತ್ತಿನಲ್ಲಿ ಕೆಂಪು ಕಂದಾಗಿ, ಪಟಪಟನೆ ಸಿಡಿಯಲು ಶುರುವಾಯಿತು, ಒಂದೆರಡು ಬೀಜಗಳು ಒಲೆಯಾಚೆಗೂ ಹಾರಿದವು. ಮುಚ್ಚಳವಿಲ್ಲದೆ ಯಾರೂ ಹುರಿಯಬೇಡಿ. ಸಿಪ್ಪೆ ಬಿರಿದ ಬೀಜಗಳನ್ನು ಆರಿಸಿ, ಮರಳು ಜರಡಿ ಹಿಡಿದು, ಒರಳಿನಲ್ಲಿ ಮೆಲ್ಲನೆ ಗುದ್ದಿ ಗೆರಸೆಯಲ್ಲಿ ಕೇರಿದಾಗ ಒಳಗಿನ ಹಳದಿ ಬೇಳೆ ಸಿಕ್ಕಿತು. ಒಂದು ಪಾವಿನಲ್ಲಿ ಬೇಳೆ ಬಂದದ್ದು ಅರ್ಧದಷ್ಟು. ಉಳಿದದ್ದು ಸಿಪ್ಪೆ ಮತ್ತು ಕರಟಿದ್ದು.

ಮೂರನೆಯ ವಿಧಾನ ನನಗೆ ಒಗ್ಗಿತು. ಪ್ರತಿ ಬೀಜದ ಅಂಚನ್ನು ಉಗುರು ಕತ್ತರಿಯಿಂದ ಒಂದಿಷ್ಟು ಕಿತ್ತು ನೀರಿಗೆ ಹಾಕಿದರೆ ಮರುದಿನಕ್ಕೆ ಕಡಲೆಗಿಂತ ದಪ್ಪಗೆ ಉಬ್ಬಿ, ಸಿಪ್ಪೆ ಬೆರಳಿಗೆ ಜಾರಿ ಬರುತ್ತದೆ. ನೂರು ಬೀಜಕ್ಕೆ ಅರ್ಧ ಗಂಟೆ ಬೇಕು. ಕೈಗೆ ಬಿಡುವಿರುವ ಮಳೆಯ ಮಧ್ಯಾಹ್ನದ ಕೆಲಸವಿದು. ಆ ಬೇಳೆಯನ್ನು ಒಂದು ಸಲ ಚೆನ್ನಾಗಿ ಕುದಿಸಿ ನೀರು ಚೆಲ್ಲಿ, ಮತ್ತೆ ಹೊಸ ನೀರಿನಲ್ಲಿ ಮೆತ್ತಗಾಗುವವರೆಗೆ ಬೇಯಿಸಿ, ಕೊನೆಗೆ ಉಪ್ಪು, ಮೆಣಸು, ಕರಿಬೇವು ಹಾಕಿ ತೆಂಗಿನೆಣ್ಣೆಯಲ್ಲಿ ಹುರಿಯುತ್ತೇನೆ. ರುಚಿ ಸೋಯಾ ಅವರೆಗೆ ಹತ್ತಿರ, ಕೊನೆಯಲ್ಲಿ ಒಂದಿಷ್ಟು ಕಹಿ ನಾಲಿಗೆಗೆ ತಾಗುತ್ತದೆ. ನನ್ನ ಯಜಮಾನರು ಎರಡು ಕಾಳು ತಿಂದು ‘ಕಡಲೆ ಮುಗಿದಿದೆಯೇ?’ ಎಂದು ಕೇಳಿದರು. ಇದು ಬರಗಾಲದಲ್ಲಿ ಕೈಹಿಡಿಯುವ ಆಹಾರವೇ ಹೊರತು ಹಲಸಿನ ಬೀಜದ ಪಕ್ಕದಲ್ಲಿ ಬಡಿಸಿದರೆ ಗೆಲ್ಲುವಂಥದ್ದಲ್ಲ ಎಂಬುದು ನನ್ನ ತೀರ್ಮಾನ. ನಮ್ಮ ಅಜ್ಜಿಯರು ಇದನ್ನು ಒಲೆಗೆ ಒಯ್ಯದೆ ಗುಳಿಗಳಲ್ಲಿ ಬೀಜ ಹಾಕಿ ಆಡುವ ಚೆನ್ನೆಮಣೆಗೆ ಒಯ್ದದ್ದಕ್ಕೆ ಕಾರಣವೂ ಇದೇ ಇದ್ದೀತು.

ಬೇಣದಮನೆಯವರೇ, ನಿಮ್ಮ ಸೊಸೆ ಸರಿ, ಆದರೆ ಅರ್ಧ ಮಾತ್ರ. ತಿನ್ನಬಹುದು, ಹಸಿಯಾಗಿ ಬೇಡ, ಮಕ್ಕಳಿಗೆ ಬೇಡ, ಮೊದಲ ಸಲ ನಾಲ್ಕೈದು ಕಾಳಿಗಿಂತ ಹೆಚ್ಚು ಬೇಡ. ಬೀಜ ಅರೆದು ಕುರುವಿಗೆ ಹಚ್ಚುವುದು, ಎಲೆಯ ಕಷಾಯವನ್ನು ಸಂಧಿನೋವಿಗೆ ಕೊಡುವುದು ನಾಟಿವೈದ್ಯದಲ್ಲಿದೆ. ಅದನ್ನು ಓದಿಕೊಂಡು ಮನೆಯಲ್ಲಿ ಮಾಡಲು ಹೋಗಬೇಡಿ.

ಉತ್ತರ 5: ಮಂಜೇಶ್ವರದವ

ಮಂಜೊಟ್ಟಿ ಎಂದರೆ ನನಗೆ ನೆನಪಾಗುವುದು ಆಟಿ ತಿಂಗಳು. ಮಳೆ ಹಿಡಿದು ಗದ್ದೆಯ ಕೆಲಸ ನಿಂತಾಗ ಅಟ್ಟದಿಂದ ಚೆನ್ನೆಮಣೆ ಇಳಿಯುತ್ತಿತ್ತು. ಎರಡು ಸಾಲುಗಳಲ್ಲಿ ಏಳೇಳು ಗುಳಿ, ಗುಳಿಗೆ ನಾಲ್ಕರಂತೆ 56 ಬೀಜ. ಆಟಿ ಮುಗಿದ ಮೇಲೆ ಮಣೆಯನ್ನು ಜಗಲಿಯಲ್ಲಿ ಬಿಡುತ್ತಿರಲಿಲ್ಲ. ಅಕ್ಕತಂಗಿಯರು ಎದುರುಬದುರು ಕೂತು ಆಡಬಾರದು ಎಂಬ ನಿಷೇಧವೂ ಇತ್ತು. ತುಳು ಜನಪದ ಕಥನಗೀತೆಯಾದ ಸಿರಿಯ ಪಾಡ್ದನದಲ್ಲಿ ಅಬ್ಬಗ ಮತ್ತು ದಾರಗ ಎಂಬ ಅವಳಿ ಸಹೋದರಿಯರು ಚೆನ್ನೆಯಾಡುತ್ತ ಜಗಳವಾಗಿ, ಒಬ್ಬಳು ಮಣೆಯಿಂದಲೇ ಇನ್ನೊಬ್ಬಳನ್ನು ಹೊಡೆದು ಕೊಂದು, ಬಳಿಕ ತಾನೂ ಬಾವಿಗೆ ಹಾರಿದಳಲ್ಲ, ಆ ಕಾರಣಕ್ಕೆ. ನಮ್ಮ ಕೇರಳದಲ್ಲೇ ಗುರುವಾಯೂರಿನ ದೇವಾಲಯದಲ್ಲಿ ಇದೇ ಬೀಜವನ್ನು ಉರುಳಿಯಲ್ಲಿ ತುಂಬಿಟ್ಟಿರುತ್ತಾರೆ, ಮಕ್ಕಳ ಕೈಯಿಂದ ಅದನ್ನು ಬಾಚಿಸುವುದು ಅಲ್ಲಿಯ ಹರಕೆ.

ಮರಗಳನ್ನು ಕಡಿಯಬಾರದೆಂದು ಎಲ್ಲರೂ ಒಂದೇ ಧ್ವನಿಯಲ್ಲಿ ಹೇಳುವಂತೆ ಕಾಣುತ್ತಿದೆ, ನಾನು ಒಪ್ಪುವುದಿಲ್ಲ. ಏಳು ಮರಗಳು ಹೆಚ್ಚಾದವು. ವರ್ಷವಿಡೀ ಸಣ್ಣ ಎಲೆ ಉದುರುತ್ತದೆ, ಅಂಗಳದಲ್ಲಿ ಅಡಿಕೆ ಒಣಗಿಸುವವರಿಗೆ ಅದು ಎಷ್ಟು ಕಿರಿಕಿರಿ ಎಂಬುದು ಗುಡಿಸಿದವರಿಗೇ ಗೊತ್ತು. ಪೆಸಿಫಿಕ್ಕಿನ ಕೆಲವು ದ್ವೀಪಗಳಲ್ಲಿ ಇದು ಊಟದ ಮರವಾಗಿರುವಂತೆ ಇನ್ನು ಕೆಲವು ದ್ವೀಪಗಳಲ್ಲಿ ಸ್ಥಳೀಯ ಕಾಡನ್ನು ನುಂಗುವ ಕಳೆಯೂ ಆಗಿದೆ. ಅಂಗಳಕ್ಕೆ ಹತ್ತಿರವಿರುವ ಒಂದೆರಡನ್ನು ತೆಗೆಯಿರಿ. ಮರ ಗಟ್ಟಿ, ಪೀಠೋಪಕರಣಕ್ಕೆ ಆಗುತ್ತದೆ. 12 ವರ್ಷದ ಮರದಲ್ಲಿ ಕೆಂಪು ತಿರುಳು ಹೆಚ್ಚೇನೂ ಇರಲಾರದು, ಚೆನ್ನೆಮಣೆಯೊಂದಕ್ಕೆ ಸಾಕಾದೀತು.

ಉತ್ತರ 6: ಕಾನನದಂಚು, ಮುಳ್ಳೇರಿಯ

ಮಂಜೇಶ್ವರದವರ ಮಾತಿನಲ್ಲಿ ಅಂಗಳದ ಭಾಗವನ್ನು ಒಪ್ಪುತ್ತೇನೆ. ಉಳಿದವಕ್ಕೆ ಕೊಡಲಿ ಬೇಡ. ಆಗ್ನೇಯ ಏಷ್ಯಾದಲ್ಲಿ ಕಾಫಿ, ಲವಂಗ, ಜಾಯಿಕಾಯಿಯ ತೋಟಗಳಲ್ಲಿ ಇದನ್ನು ನೆರಳಿಗಾಗಿಯೇ ನೆಡುತ್ತಾರೆ. ಕಿರುಎಲೆಗಳ ನಡುವಿನಿಂದ ಬಿಸಿಲು ಸೋಸಿ ಬರುವುದರಿಂದ ಕೆಳಗಿನ ಬೆಳೆಗೆ ಕತ್ತಲಾಗುವುದಿಲ್ಲ. ಬೇಣದ ಮರಗಳ ಬುಡಕ್ಕೆ ಕರಿಮೆಣಸಿನ ಬಳ್ಳಿ ಹಬ್ಬಿಸಿ ನೋಡಬಹುದು. ಸಸಿ ತಾನಾಗಿಯೇ ಹಬ್ಬೀತೆಂಬ ಭಯ ನಮ್ಮಲ್ಲಿ ಅಷ್ಟಿಲ್ಲ. ಸಿಪ್ಪೆಗೆ ಗಾಯವಾಗದ ಬೀಜ ಮೊಳೆಯಲು ತಿಂಗಳುಗಟ್ಟಲೆ ಹಿಡಿಯುತ್ತದೆ, ಅಷ್ಟರೊಳಗೆ ಬೇಣಕ್ಕೆ ಹುಲ್ಲುಕತ್ತಿ ಬಿದ್ದಿರುತ್ತದೆ. ಯಾರಿಗಾದರೂ ಸಸಿ ಮಾಡುವ ಮನಸ್ಸಿದ್ದರೆ ಕುದಿಯುವ ನೀರಿನಲ್ಲಿ ಒಂದು ನಿಮಿಷ ಅದ್ದಿ, ತಣ್ಣೀರಿನಲ್ಲಿ ಒಂದು ದಿನ ಬಿಟ್ಟು ಬಿತ್ತಬೇಕು, ಇಲ್ಲವೇ ನೀರ್ಚಾಲಿನವರ ಉಗುರು ಕತ್ತರಿ ಇದ್ದೇ ಇದೆ.

ಬೇಣದಮನೆ, ಬದಿಯಡ್ಕ

ಇಷ್ಟು ಉತ್ತರಗಳು ಬಂದಾವೆಂದು ನಿರೀಕ್ಷಿಸಿರಲಿಲ್ಲ, ಎಲ್ಲರಿಗೂ ವಂದನೆಗಳು. ನಿನ್ನೆ ಮಗನನ್ನು ಕರೆದುಕೊಂಡು ಹೋಗಿ ಬೇಲಿಯುದ್ದಕ್ಕೂ ನೋಡಿದೆವು. ಮುಳ್ಳೇರಿಯದವರ ಎಚ್ಚರಿಕೆ ಸುಳ್ಳಾಗಲಿಲ್ಲ: ದನದ ಹಟ್ಟಿಯ ಹಿಂದೆ, ನೆಕ್ಕರೆ ಗಿಡದ ಮೇಲೆ ಗುಲಗಂಜಿ ಬಳ್ಳಿ ಹಬ್ಬಿತ್ತು, ಬಿರಿದ ಕೋಡುಗಳಲ್ಲಿ ಕಪ್ಪು ಕಣ್ಣಿನ ಬೀಜಗಳೂ ಇದ್ದವು. ಮಂಜೊಟ್ಟಿಯ ಮೇಲಿನ ಕೋಪವನ್ನೆಲ್ಲ ಮಗ ಅದರ ಮೇಲೆ ತೀರಿಸಿ, ಬೇರು ಸಹಿತ ಕಿತ್ತು ಸುಟ್ಟ. ಮೊಮ್ಮಗ ಕೂಡಿಟ್ಟ ಕರಟವನ್ನು ಸುರಿದು ನೋಡಿದಾಗ ಅದರಲ್ಲಿ ಒಂದೇ ಒಂದು ಗುಲಗಂಜಿ ಸಿಕ್ಕಿತು. ಅದನ್ನು ಕಂಡ ಮೇಲೆ ಸ್ವಲ್ಪ ಹೊತ್ತು ಯಾರೂ ಮಾತನಾಡಲಿಲ್ಲ.

ಅಂಗಳದ ಬದಿಯ ಎರಡು ಮರಗಳನ್ನು ಮಳೆಗೆ ಮೊದಲು ತೆಗೆಸುತ್ತೇನೆ, ಬೇಣದ ಐದು ಇರಲಿ. ನೀರ್ಚಾಲಿನವರಲ್ಲಿ ಒಂದು ಪ್ರಶ್ನೆ ಬಾಕಿಯಿದೆ: ಎರಡು ವರ್ಷ ಹಳೆಯ ಬೀಜಗಳು ಒಂದು ಡಬ್ಬಿ ತುಂಬ ಇವೆ, ಅಡುಗೆಗೆ ಅವು ಆಗುತ್ತವೆಯೇ, ಹೊಸತೇ ಬೇಕೇ?

ಒಲೆಯ ಬದಿ, ನೀರ್ಚಾಲು

ಆಗುತ್ತವೆ. ಸಿಪ್ಪೆ ಒಡೆಯದಿದ್ದರೆ ಹುಳು ಹಿಡಿಯುವುದು ಕಡಿಮೆ. ತೂತಿರುವ, ಸುಕ್ಕಿದ ಬೀಜಗಳನ್ನು ಬಿಸಾಡಿ, ಉಳಿದವನ್ನು ಮಾತ್ರ ತೆಗೆದುಕೊಳ್ಳಿರಿ. ಡಬ್ಬಿಯನ್ನು ಬಿಳಿ ಬಟ್ಟೆಯ ಮೇಲೆ ಸುರಿದು, ಕನ್ನಡಕ ಹಾಕಿಕೊಂಡು, ಒಂದೊಂದನ್ನೂ ಎರಡು ಬದಿಗೂ ಮಗುಚಿ ನೋಡಿದ ಮೇಲೆಯೇ ಉಗುರು ಕತ್ತರಿ ಹಿಡಿಯಿರಿ. ಕರಟದಲ್ಲಿ ಸಿಕ್ಕಿದ ಗುಲಗಂಜಿ ಒಂದೇ ಎಂದು ಹೇಳುವವರು ಯಾರು?